ಸೋಮವಾರ ಹಾರದ ಹಡಗು

ಹೋದ ವಾರ ದಾಂಡೇಲಿಯ ಅಂಬೇವಾಡಿಯಲ್ಲಿರುವ ತಂಗಿಯ ಮಗಳ ಮನೆಗೆ ಹೋಗಿದ್ದೆ. ಮಳೆ ಹಿಡಿಯುವ ಮುಂಚೆ ಬಾಗಿಲಿಗೆ ಎಣ್ಣೆ ಕುಡಿಸಬೇಕೆಂದು ಅವಳ ಗಂಡ ಒಂದು ಡಬ್ಬಿ ಅಗಸೆ ಎಣ್ಣೆ ತಂದು, ಹಳೆಯ ಬನಿಯನ್ ಅದ್ದಿ ಬಳಿಯುತ್ತ ಕೂತಿದ್ದ. ವಾಸನೆ ಮೂಗಿಗೆ ಬಡಿದದ್ದೇ ತಡ, ನಾನು ಚಪ್ಪಲಿ ಬಿಡುವುದನ್ನೂ ಮರೆತು ಹೊಸ್ತಿಲಲ್ಲೇ ನಿಂತುಬಿಟ್ಟೆ. "ಯಾಕ ದೊಡ್ಡವ್ವಾ, ತಲಿ ತಿರುಗಿತೇನು?" ಎಂದು ಹುಡುಗಿ ಗಾಬರಿಯಾಗಿ ನೀರು ತಂದಳು. ತಲೆ ತಿರುಗುವವಳಲ್ಲ ನಾನು. ಮುಗಿಲಲ್ಲಿ ನಿಂತು ಎಲೆಅಡಿಕೆ ಹಾಕಿಕೊಂಡವಳು. ಆ ವಾಸನೆ ನನ್ನನ್ನು ತೇರಗಾಂವದ ನಮ್ಮ ಕಣಕ್ಕೆ ಕರೆದುಕೊಂಡು ಹೋಗಿತ್ತು, ಅಷ್ಟೆ. ಅಲ್ಲಿ ಅಪ್ಪ ನಮ್ಮ ಗಾಳಿಹಡಗಿನ ಬಟ್ಟೆಯ ಹೊಟ್ಟೆಗೆ ಇದೇ ಎಣ್ಣೆ ತಿಕ್ಕುತ್ತ ಅದರ ಜೊತೆ ಮಾತಾಡುತ್ತಿದ್ದ.

ಆಗ ನನಗೆ ಹತ್ತೊಂಬತ್ತೋ ಇಪ್ಪತ್ತೋ. ಅರವತ್ತರ ದಶಕ ಆಗಷ್ಟೇ ಶುರುವಾಗಿತ್ತು. ಜೋಯಿಡಾದ ಕಾಡಿನ ಮೇಲೆ ತೇಲುವ ಬಂಡೆಗಳಿವೆಯಲ್ಲ, ಅವುಗಳ ಮೇಲೆ ಮನೆ, ಹಿತ್ತಲು, ಬಾವಿ ಎಲ್ಲ ಮಾಡಿಕೊಂಡು ಕೊಂಕಣಿ ಮಾತಾಡುವ ಜನ ಇದ್ದಾರಲ್ಲ, ಆ ಊರುಗಳಲ್ಲೆಲ್ಲ ದೊಡ್ಡದು ಮುಗಿಲವಾಡಿ. ಗಾಳಿಗೆ ಎಲ್ಲಿಯಾದರೂ ಹೋದೀತೆಂದು ಅದನ್ನು ಕೆಳಗಿನ ಮತ್ತಿಮರಗಳಿಗೆ ಸರಪಳಿ ಹಾಕಿ ಕಟ್ಟಿದ್ದಾರೆ. ಅಲ್ಲಿ ಹಲಸು ಬೆಳೆಯುತ್ತದೆ, ಗೆಣಸು ಬೆಳೆಯುತ್ತದೆ, ಬೇಕಾದಷ್ಟು ಜಗಳವೂ ಬೆಳೆಯುತ್ತದೆ. ಭತ್ತ ಮಾತ್ರ ಬೆಳೆಯುವುದಿಲ್ಲ, ಬಂಡೆಯ ಮೇಲೆ ನೀರು ನಿಲ್ಲಬೇಕಲ್ಲ. ಈಗೇನೋ ತಂತಿಯ ಮೇಲೆ ಜಾರುವ ಪೆಟ್ಟಿಗೆ ಬಂದಿದೆ, ಗುಂಡಿ ಒತ್ತಿದರೆ ಅಕ್ಕಿ ಹೋಗಿ ಮುಟ್ಟುತ್ತದೆ. ಆಗ ಬೇಸಿಗೆಯಲ್ಲಿ ಹಗ್ಗದ ಏಣಿ ಹತ್ತಿ ಹೊರುತ್ತಿದ್ದರು. ಮಳೆಗಾಲದಲ್ಲಿ ಏಣಿ ಪಾಚಿಗಟ್ಟಿ ಜಾರುತ್ತಿತ್ತು, ಹಡಗೇ ಗತಿ. ಹಳಿಯಾಳದ ಅಕ್ಕಿ ಹಡಗು ಹತ್ತಿ ಹೋಗಬೇಕು, ಮೇಲಿನ ಹಲಸು, ಜೇನು ಅದೇ ಹಡಗಿನಲ್ಲಿ ಇಳಿದು ಬರಬೇಕು, ಬಸುರಿಯರು, ಬೀಗರು, ಮಾಸ್ತರರು ಎಲ್ಲರೂ ಅದರಲ್ಲೇ ಓಡಾಡಬೇಕು.

ಆ ವರ್ಷ ಬೇಸಿಗೆಯಲ್ಲಿ ಅಪ್ಪ ಒಂದು ಜೋಡಿ ಎತ್ತು ತರುತ್ತೇನೆಂದು ಹಳಿಯಾಳದ ದನದ ಸಂತೆಗೆ ಹೋದವನು ಗಾಳಿಹಡಗು ಹಿಡಿದುಕೊಂಡು ಬಂದ. ಹಳೆಯ ಹಡಗುಗಳನ್ನೂ ದನದ ಸಂತೆಯಲ್ಲೇ ಮಾರುತ್ತಿದ್ದರು. ಕಟ್ಟಿಹಾಕಲು ಅಷ್ಟು ಗೂಟ ಬೇರೆಲ್ಲಿ ಸಿಗಬೇಕು? ಜೊತೆಗೆ ಹೋಗಿದ್ದ ಅಪ್ಪನ ಬಾಲ್ಯದ ಗೆಳೆಯ ಇಮಾಮಸಾಬ ಆಮೇಲೆ ಇಡೀ ವ್ಯವಹಾರವನ್ನು ಅಭಿನಯಿಸಿ ತೋರಿಸಿದ. ಅಪ್ಪ ಹಡಗಿನ ಸುತ್ತ ಸುತ್ತು ಹೊಡೆದನಂತೆ. ಹೊಟ್ಟೆ ತಟ್ಟಿ ನೋಡಿದನಂತೆ. ಬಾಲ ಎತ್ತಿ ನೋಡಿದನಂತೆ. ಬಟ್ಟೆಯ ಮೇಲೆ ಎಲ್ಲಾದರೂ ಕೆಟ್ಟ ಸುಳಿ ಇದೆಯೇ ಎಂದು ಕಣ್ಣು ಕಿರಿದು ಮಾಡಿ ಹುಡುಕಿದನಂತೆ. ಕೊನೆಗೆ ಮಾರುವವನ ಕೈಮೇಲೆ ಟವೆಲು ಹಾಕಿ, ಅದರೊಳಗೆ ಬೆರಳು ಹಿಡಿದು ವ್ಯಾಪಾರ ಮುಗಿಸಿದನಂತೆ. ಎಷ್ಟು ಬೆರಳು ಹಿಡಿದನೋ ಟವೆಲಿಗೇ ಗೊತ್ತು.

ಸಂಜೆ ಅಪ್ಪ ಊರ ಅಗಸಿ ಬಾಗಿಲ ಕಡೆಯಿಂದ ಎಂದಿನಂತೆ ನಡೆದು ಬಂದ. ಕೈಯಲ್ಲಿ ಹಗ್ಗ ಇತ್ತು. ಹಗ್ಗದ ತುದಿಗೆ ನಮ್ಮ ಓಣಿಯಷ್ಟೇ ಉದ್ದದ ಹಡಗು ಹೆಂಚುಗಳ ಮೇಲೆ ನೆರಳು ಚೆಲ್ಲುತ್ತ ತೇಲಿ ಬರುತ್ತಿತ್ತು. ಆರತಿ ತಟ್ಟೆ ಹಿಡಿದು ನಿಂತಿದ್ದ ಅವ್ವ ಮೇಲೆ ನೋಡಿದಳು, ಕೆಳಗೆ ನೋಡಿದಳು.

"ಎತ್ತ ಎಲ್ಲಿ ಅದಾವ್ರಿ?"

"ಇದ ಎತ್ತು."

"ಇದಕ್ಕ ಕಾಲ ಎಲ್ಲಿ ಅದಾವ್ರಿ?"

"ಕಾಲಿಲ್ಲಂತನ ಸಸ್ತಾ ಸಿಕ್ತು," ಎಂದ ಅಪ್ಪ.

ಅವ್ವ ಆರತಿ ಎತ್ತಿದಳು. ಹೊಸ ಎತ್ತಿನ ಕಾಲಿಗೆ ನೀರು ಹಾಕುವುದು ಪದ್ಧತಿ. ಕಾಲಿಲ್ಲದ್ದರಿಂದ ಗೂಟಕ್ಕೆ ಹಾಕಿದಳು. ಆ ರಾತ್ರಿ ಅವಳು ಅಪ್ಪನಿಗೆ ಏನೆಂದಳೋ ನಾನು ಕೇಳಿಸಿಕೊಳ್ಳಲಿಲ್ಲ, ಆದರೆ ಮರುದಿನ ಅಪ್ಪ ಬೆಳಕು ಹರಿಯುವ ಮುಂಚೆಯೇ ಹೊಲಕ್ಕೆ ಹೋಗಿ ಕೂತಿದ್ದ.

ಹಡಗಿಗೆ ಬಸ್ಯಾ ಎಂದು ಹೆಸರಿಟ್ಟ. ಮೂತಿಗೆ ಎರಡು ಕಟ್ಟಿಗೆಯ ಕೋಡು ಮಾಡಿಸಿ ಜಡಿದ. ಕಾರಹುಣ್ಣಿಮೆಯ ದಿನ ಕೋಡಿಗೆ ಬಣ್ಣ ಬಳಿದು, ಕೊರಳಿಗೆ ಗೆಜ್ಜೆಸರ ಕಟ್ಟಿ, ನೈವೇದ್ಯಕ್ಕೆ ಹೋಳಿಗೆ ಹಿಡಿದ. ಬಸ್ಯಾನ ಮೇವೆಂದರೆ ಅತ್ತಿವೇರಿ ಕೆರೆಯ ದಂಡೆಯ ಬಿರುಕಿನಿಂದ ಬುಸುಬುಸು ಹೊರಡುವ ಹಗುರಗಾಳಿ. ಅದನ್ನು ಹೊಟ್ಟೆಗೆ ತುಂಬಿಸಿಕೊಂಡು ಬರಲು ಅಪ್ಪ "ನೀರ ಕುಡಿಸಿಕೊಂಡ ಬರ್ತೇನಿ" ಎಂದೇ ಹೇಳಿ ಹೋಗುತ್ತಿದ್ದ. ಬರುವಾಗ ಬೆನ್ನಿನ ಮೇಲೆ ಅಲ್ಲಿನ ಕೊಕ್ಕರೆಗಳು ಸಾಲಾಗಿ ಕೂತು ಬರುತ್ತಿದ್ದವು. ಊರವರು ನಕ್ಕರೆ ಅಪ್ಪನಿಗೆ ಸಿಟ್ಟು ಬರುತ್ತಿರಲಿಲ್ಲ. ಹಡಗನ್ನು ಹಡಗು ಎಂದರೆ ಮಾತ್ರ ಬರುತ್ತಿತ್ತು.

ಅದನ್ನು ನಡೆಸುವುದು ಅಪ್ಪನಿಗೆ ಕೊನೆಯವರೆಗೂ ಬರಲಿಲ್ಲ. ಇದರಲ್ಲಿ ಅವನ ತಪ್ಪೇನೂ ಇಲ್ಲ. ಎತ್ತಿನ ಹಗ್ಗ ಎಡಕ್ಕೆ ಜಗ್ಗಿದರೆ ಎತ್ತು ಎಡಕ್ಕೆ ಹೊರಳುತ್ತದೆ. ಹಡಗಿನ ಚುಕ್ಕಾಣಿಯ ಹಿಡಿಯನ್ನು ಎಡಕ್ಕೆ ಜಗ್ಗಿದರೆ ಹಡಗು ಬಲಕ್ಕೆ ಹೊರಳುತ್ತದೆ. ಬುದ್ಧಿ ಬಂದಾಗಿನಿಂದ ಎತ್ತು ಹೊಡೆದ ಕೈ ಅದು, ತಲೆ ಒಪ್ಪಿದರೂ ಕೈ ಒಪ್ಪುತ್ತಿರಲಿಲ್ಲ. ಎಡಕ್ಕೆ ಹೋಗೋಣವೆಂದು ಎಡಕ್ಕೇ ಜಗ್ಗುವುದು, ಹಡಗು ಬಲಕ್ಕೆ ಓಡುವುದು, ಅದು ಹಠ ಮಾಡುತ್ತಿದೆಯೆಂದು ಅಪ್ಪ ಇನ್ನೂ ಜೋರಾಗಿ ಎಡಕ್ಕೆ ಜಗ್ಗುವುದು, ಆಮೇಲೆ ಎಲ್ಲರೂ ಸೇರಿ ಗೌಡರ ಹುಣಸೆಮರದಲ್ಲಿ ಕೂರುವುದು. ಹೀಗೆ ಮತ್ತೆ ಮತ್ತೆ ಮರ ಹತ್ತಿ ಸಾಕಾಗಿ ಇಮಾಮಸಾಬನೇ ಒಮ್ಮೆ ಬಾಯಿಬಿಟ್ಟ. ಅವನು ಹಡಗಿನ ಹಿಂದಿನ ಪಂಖಾ ತಿರುಗಿಸುವ ಆಳುಗಳ ಮುಖ್ಯಸ್ಥ.

"ಚನ್ನಪ್ಪಣ್ಣಾ, ನೀವು ಕೆಳಗ ಕುಂತು ಹುಣಸಿಹಣ್ಣ ಮಾರ್ರಿ. ಇದನ್ನ ನೀಲವ್ವನ ಕೈಯಾಗ ಕೊಡ್ರಿ."

ನೀಲವ್ವ ಎಂದರೆ ನಾನು. ನನಗೆ ಎತ್ತು ಹೊಡೆಯಲು ಯಾರೂ ಕಲಿಸಿರಲಿಲ್ಲ, ಹುಡುಗಿಯಲ್ಲವೇ. ಹಾಗಾಗಿ ಮರೆಯಬೇಕಾದದ್ದೂ ಏನೂ ಇರಲಿಲ್ಲ. ಮೊದಲ ದಿನವೇ ಹಿಡಿ ನನ್ನ ಮಾತು ಕೇಳಿತು. ಹಳಿಯಾಳದ ಹೆಂಚುಗಳು, ಕೆರೆ, ದಾಂಡೇಲಿಯ ಹೊಗೆ, ಕಾಳಿ ಹೊಳೆ, ಅದರಾಚೆ ಕಣ್ಣು ಹೋದಷ್ಟೂ ಕಾಡು, ಇವೆಲ್ಲ ನನ್ನ ಪಾದದ ಕೆಳಗೆ ಹೋಗುತ್ತಿರುವಾಗ ಎದೆ ತುಂಬಿ ಅಳು ಬಂತು. ಇದಕ್ಕಿಂತ ಬೇರೆ ಏನೂ ನನಗೆ ಬೇಡ ಎಂದು ಆವತ್ತೇ ಗೊತ್ತಾಗಿಹೋಯಿತು.

ಆದರೆ ಬೇರೆಯವರಿಗೆ ಬೇರೆ ಏನೋ ಬೇಕಾಗಿತ್ತು. ಮುಂಡಗೋಡದ ಒಂದು ಕಿರಾಣಿ ಅಂಗಡಿಯ ಮನೆತನದಿಂದ ನನಗೆ ಸಂಬಂಧ ಬಂದಿತ್ತು. ಹುಡುಗ ಸಭ್ಯ. ಅಟ್ಟ ಹತ್ತಿದರೂ ಅವನಿಗೆ ತಲೆ ತಿರುಗುತ್ತದೆಂದು ಅವನ ತಾಯಿಯೇ ಹೇಳಿದರು. ಹುಡುಗಿ ಮದುವೆಯಾದ ಮೇಲೆ ನೆಲದ ಮೇಲಿರಬೇಕು ಎಂಬುದೊಂದೇ ಅವರ ಕರಾರು. ನಾನು ಊಟ ಬಿಟ್ಟೆ. ಮಾತು ಬಿಟ್ಟೆ. ಮಾತು ಬಿಟ್ಟದ್ದಕ್ಕೆ ಮನೆಯಲ್ಲಿ ಎಲ್ಲರಿಗೂ ಆರಾಮವಾಯಿತೆಂದು ಕಂಡು ಮತ್ತೆ ಮಾತಾಡಲು ಶುರುಮಾಡಿದೆ. ಕೊನೆಗೆ ಅಪ್ಪ ಕಟ್ಟೆಯ ಮೇಲೆ ಕೂತು ತೀರ್ಪು ಕೊಟ್ಟ.

"ನೋಡ ನೀಲಾ, ಮುಗಿಲವಾಡಿಗೆ ಮಳಿಗಾಲದ ಅಕ್ಕಿ ಒಯ್ಯೂ ಹಕ್ಕು ನಮಗ ಸಿಕ್ರ ಬಸ್ಯಾ ನಿಂದ. ನೀ ಹಾರು, ಯಾರೂ ಕೇಳೂದಿಲ್ಲ. ಸಿಗಲಿಲ್ಲಂದ್ರ ಬರೇ ಗೂಟಕ್ಕ ಕಟ್ಟಿ ಎಷ್ಟ ದಿನ ಸಾಕೂದು? ದೀಪಾವಳಿಗೆ ಬಸ್ಯಾ ಸಂತಿಗೆ, ನೀ ಮುಂಡಗೋಡಕ್ಕ."

ಬಸ್ಯಾನನ್ನೂ ನನ್ನನ್ನೂ ಒಂದೇ ಉಸಿರಿನಲ್ಲಿ ಸಾಗಹಾಕಿದ್ದಕ್ಕೆ ಮೈಯೆಲ್ಲ ಉರಿಯಿತು. ಆದರೂ ಒಪ್ಪಿದೆ. ಆ ಹಕ್ಕು ನಮಗೇ ಸಿಗುತ್ತದೆ ಎಂಬ ಧೈರ್ಯ ನನಗಿತ್ತು.

ನಮಗೆ ಎದುರಾಳಿ ದಾಂಡೇಲಿಯ ಬಾಬುರಾವ್. ಅವನ ಹಡಗಿಗೆ ಇಂಜಿನ್ ಇತ್ತು. ಅದು ಹಾರಿದರೆ ಅಂಬೇವಾಡಿಯಿಂದ ಹಳಿಯಾಳದವರೆಗೆ ಮಲಗಿದ ಕೂಸುಗಳೆಲ್ಲ ಎದ್ದು ಅಳುತ್ತಿದ್ದವು. ಬಾಬುರಾವ್ ಕೆಟ್ಟವನಲ್ಲ, ಜಂಬದವನು. ನಮ್ಮ ಅಪ್ಪ ಬಸ್ಯಾನಿಗೆ ಮಾಡಿದಷ್ಟೇ ಪೂಜೆಯನ್ನು ಅವನು ಇಂಜಿನ್ನಿಗೆ ಮಾಡುತ್ತಿದ್ದ. ಯಾರಿಗೆ ಹಕ್ಕು ಕೊಡಬೇಕೆಂದು ನೋಡಲು ಕಾರವಾರದಿಂದ ಒಬ್ಬ ಸರ್ಕಾರಿ ಸಾಹೇಬರು ಬರುವವರಿದ್ದರು. ಎರಡೂ ಹಡಗು ಹಳಿಯಾಳದಲ್ಲಿ ಅಕ್ಕಿ ಹೇರಿಕೊಂಡು ಹೊರಡಬೇಕು, ಯಾರು ಅಕ್ಕಿಯನ್ನು ನೆನೆಯದಂತೆ ಮೊದಲು ಮುಗಿಲವಾಡಿಗೆ ಮುಟ್ಟಿಸುತ್ತಾರೋ ಅವರಿಗೆ ಹಕ್ಕು. ಊರಲ್ಲಿ ಸರ್ಕಾರದ ಸುದ್ದಿ ಸಾರುವ ವಾಲೀಕಾರ ಬಂದು ದಿನವನ್ನೂ ತಿಳಿಸಿದ. ಸೋಮವಾರ.

ಅಪ್ಪ ಹೊದ್ದಿದ್ದ ಟವೆಲು ತೆಗೆದು ತೊಡೆಯ ಮೇಲೆ ಇಟ್ಟುಕೊಂಡ. ಸಾವಿನ ಸುದ್ದಿ ಬಂದಾಗ ಅವನು ಹಾಗೆ ಮಾಡುತ್ತಿದ್ದ.

ನಮ್ಮ ಕಡೆ ಸೋಮವಾರ ಎತ್ತಿಗೆ ನೊಗ ಹೂಡುವುದಿಲ್ಲ. ಅದು ಬಸವಣ್ಣನ ವಾರ. ಹೊಲದಲ್ಲಿ ಬೆಳೆ ಕೊಚ್ಚಿಕೊಂಡು ಹೋಗುತ್ತಿದ್ದರೂ ಎತ್ತು ಆವತ್ತು ಕೊಟ್ಟಿಗೆಯಲ್ಲಿ ಮೆಲುಕು ಹಾಕುತ್ತಿರುತ್ತದೆ. ಬಸ್ಯಾ ಎತ್ತು ಎಂದಮೇಲೆ ಬಸ್ಯಾನಿಗೂ ಸೋಮವಾರ ರಜೆ. ತಂದಂದಿನಿಂದ ಒಂದು ಸೋಮವಾರವೂ ಹಾರಿಸಿರಲಿಲ್ಲ. ಅಪ್ಪ ಹಳಿಯಾಳಕ್ಕೆ ಓಡಿಹೋಗಿ, ಪ್ರವಾಸಿ ಬಂಗಲೆಯಲ್ಲಿ ಇಳಿದಿದ್ದ ಸಾಹೇಬರನ್ನು ಕಂಡು, ಮಂಗಳವಾರ ಮಾಡಿರೆಂದು ಬೇಡಿಕೊಂಡ. "ಮಂಗಳವಾರ ನಾನು ಕಾರವಾರದಲ್ಲಿರಬೇಕು ಮಾರಾಯ್ರೆ. ಹಡಗಿಗೆ ಎಂಥ ಸೋಮವಾರ?" ಎಂದರು ಸಾಹೇಬರು. ಅಲ್ಲೇ ಇದ್ದ ಬಾಬುರಾವ್ ಮೀಸೆಯಲ್ಲೇ ನಕ್ಕು, "ಚನ್ನಪ್ಪಾ, ನನ್ನ ಇಂಜಿನ್ನಿಗೆ ವಾರ ಗೊತ್ತಿಲ್ಲ ನೋಡು" ಎಂದನಂತೆ.

ರವಿವಾರ ಮಧ್ಯಾಹ್ನ ನಮ್ಮ ಮನೆಯಲ್ಲಿ ಒಲೆಯೊಂದು ಬಿಟ್ಟು ಎಲ್ಲವೂ ತಣ್ಣಗಿತ್ತು. ನನಗೆ ತಡೆಯಲಾಗಲಿಲ್ಲ.

"ಅಪ್ಪಾ, ಅದು ಬಟ್ಟಿ. ಎಣ್ಣಿ ಹಚ್ಚಿದ ಬಟ್ಟಿ. ಬಟ್ಟಿಗೆ ಯಾವ ಸೋಮವಾರ?"

ಅಪ್ಪ ಬೈಯುತ್ತಾನೆ ಅಂದುಕೊಂಡೆ. ಬೈಯಲಿಲ್ಲ.

"ನಾ ಅದಕ್ಕ ಎತ್ತು ಅಂತ ಹೆಸರಿಟ್ಟೇನಿ. ಮೈ ತಿಕ್ಕೇನಿ, ಕೋಡು ಕಟ್ಟೇನಿ. ವಾರಪೂರ್ತಿ ಎತ್ತು ಅಂದು, ನಮಗ ಅಡಚಣಿ ಬಂದ ದಿನ ಬಟ್ಟಿ ಅನ್ನಾಕ ನನಗ ಬಾಯಿ ಬರೂದಿಲ್ಲವಾ."

ನನ್ನ ಸಿಟ್ಟು ಇಳಿಯಲಿಲ್ಲ, ಆದರೆ ಸಿಟ್ಟು ಮಾಡಲು ಜಾಗವೂ ಉಳಿಯಲಿಲ್ಲ. ನಾನು ಮೂಲೆಯಲ್ಲಿ ಕೂತು ಮುಂಡಗೋಡದ ಕಿರಾಣಿ ಅಂಗಡಿಯಲ್ಲಿ ಬೆಲ್ಲ ತೂಗುತ್ತಿರುವಂತೆ ನನ್ನನ್ನೇ ಕಲ್ಪಿಸಿಕೊಂಡು ಅತ್ತೆ.

ರೊಟ್ಟಿ ಬಡಿಯುತ್ತಿದ್ದ ಅವ್ವ ಕೈ ನಿಲ್ಲಿಸದೆ ಕೇಳಿದಳು, "ಸೋಮವಾರ ಎತ್ತ ಹೂಡಬಾರದು, ಹೌದಿಲ್ಲೋ? ಎತ್ತು ತಾನ ಹಗ್ಗ ಬಿಚ್ಚಿಕೊಂಡ ಅಡ್ಡಾಡಾಕ ಹೋದ್ರ?"

"ಹೋದ್ರ ಹೋಗ್ಲಿ. ಅದಕ್ಕೇನೈತಿ?" ಎಂದ ಅಪ್ಪ.

"ಅದರ ಹಿಂದ ನಾವು ಹೋದ್ರ?"

"ಎತ್ತ ತಪ್ಪಿಸಿಕೊಂಡ ಹೋದ್ರ ಹುಡುಕಾಕ ಹೋಗಬೇಕಲ್ಲ."

"ಹಂಗಾರ ನಾಳೆ ಹಗ್ಗಾ ಬಿಚ್ಚೂಣು. ಅದು ಹೋದಲ್ಲಿ ನಾವೂ ಹೋಗೂಣು."

ಅಪ್ಪನ ಕಣ್ಣು ಮಿನುಗಿ ಮತ್ತೆ ಆರಿತು. "ಅಕ್ಕಿ? ಎತ್ತಿನ ಮ್ಯಾಲ ಹೇರಿದಂಗ ಆಗೂದಿಲ್ಲ?"

ಅವ್ವ ರೊಟ್ಟಿಯನ್ನು ಹೆಂಚಿಗೆ ಹಾಕಿ ಅದಕ್ಕೆ ನೀರು ಸವರಿದಳು. "ಎತ್ತು ಯಾಕ ಹೊರಬೇಕ್ರಿ? ನಾವು ಹೊರೂದು."

ಹೀಗೆ ನಿಶ್ಚಯವಾಯಿತು. ಅಕ್ಕಿಯನ್ನು ಹಡಗಿನ ಹಲಗೆಯ ಮೇಲೆ ಇಟ್ಟರೆ ಅದು ಬಸ್ಯಾನ ಹೊರೆ. ಹಡಗಿನೊಳಗೆ ನಿಂತವರ ತಲೆಯ ಮೇಲಿಟ್ಟರೆ ಅದು ಅವರವರ ಹೊರೆ. ಪಂಖಾ ತಿರುಗಿಸುವವರು ಮನುಷ್ಯರು, ಮನುಷ್ಯರಿಗೆ ಸೋಮವಾರ ರಜೆ ಇಲ್ಲ. ಚುಕ್ಕಾಣಿಯನ್ನು ಮಾತ್ರ ಯಾರೂ ಮುಟ್ಟಕೂಡದು, ಅದು ಬಸ್ಯಾನ ಮೂಗುದಾರ. ಅದನ್ನು ಹಿಡಿದರೆ ಹೂಡಿದಂತೆಯೇ ಎಂದ ಅಪ್ಪ. ಚುಕ್ಕಾಣಿ ಮುಟ್ಟದೆ ಹಡಗು ತಿರುಗಿಸುವುದು ಹೇಗೆಂದು ನಾನು ರವಿವಾರ ಸಂಜೆಯೆಲ್ಲ ತಲೆ ಕೆಡಿಸಿಕೊಂಡೆ. ಬಸ್ಯಾ ಯಾವ ಕಡೆ ಭಾರವಾಗುತ್ತಾನೋ ಆ ಕಡೆ ವಾಲಿ ಮೆಲ್ಲಗೆ ಹೊರಳುತ್ತಾನೆಂಬುದು ನನಗೆ ಗೊತ್ತಿತ್ತು. ಹೊತ್ತವರನ್ನೇ ಅತ್ತಿಂದಿತ್ತ ಓಡಾಡಿಸಿದರಾಯಿತು.

ರವಿವಾರ ರಾತ್ರಿಯೇ ಬಸ್ಯಾನನ್ನು ಹಗ್ಗ ಹಿಡಿದು ಹಳಿಯಾಳಕ್ಕೆ ನಡೆಸಿಕೊಂಡು ಬಂದು ಗೂಟಕ್ಕೆ ಕಟ್ಟಿದ್ದೆವು. ಸೋಮವಾರ ಬೆಳಿಗ್ಗೆ ಜಿಟಿಜಿಟಿ ಮಳೆ. ಬಾಬುರಾವ್ ತನ್ನ ಪಾಲಿನ ಅಕ್ಕಿ ಹೇರಿಕೊಂಡು ಢಬಢಬ ಎನ್ನುತ್ತ ಮೊದಲೇ ಹೊರಟುಹೋದ. ಸಾಹೇಬರಿಗೆ ಆ ಸದ್ದಿನಲ್ಲಿ ಕೂರಲು ಮನಸ್ಸಾಗದೆ ನಮ್ಮ ಹಡಗಿಗೆ ಬಂದರು. ಬಂದು ನೋಡಿದರೆ ತೇರಗಾಂವದ ನಮ್ಮ ಇಡೀ ಓಣಿ ತಲೆಯ ಮೇಲೆ ಅಕ್ಕಿಗಂಟು ಹೊತ್ತು ಹಡಗಿನಲ್ಲಿ ನಿಂತಿದೆ. ಗೋಣಿಚೀಲ ಬಿಚ್ಚಿ, ಧೋತರ, ಸೀರೆ, ದಿಂಬಿನ ಚೀಲ ಸಿಕ್ಕಿದ್ದಕ್ಕೆಲ್ಲ ಅಕ್ಕಿ ತುಂಬಿ, ಮೇಲೆ ಎಣ್ಣೆಬಟ್ಟೆ ಸುತ್ತಿ ಗಂಟು ಕಟ್ಟಿದ್ದೆವು. ಎಲ್ಲರ ಮುಂದೆ ಅಪ್ಪ, ಎಲ್ಲಕ್ಕಿಂತ ದೊಡ್ಡ ಗಂಟು ಹೊತ್ತು.

"ಇದೆಂಥದು ಮಾರಾಯ್ರೆ? ಕೆಳಗೆ ಇಡಿ," ಎಂದರು ಸಾಹೇಬರು.

"ಇಡಾಕ ಬರೂದಿಲ್ರಿ. ಸೋಮವಾರ ಐತಿ," ಎಂದಳು ಅವ್ವ. "ನಿಮ್ಮ ಬ್ಯಾಗೂ ತಲಿ ಮ್ಯಾಲ ಇಟ್ಕೊರಿ ಸಾಹೇಬ್ರ. ಆ ಊಟದ ಡಬ್ಬೀನೂ."

ಸಾಹೇಬರು ಓದಿದವರು, ತರ್ಕ ಬಿಡುವವರಲ್ಲ. "ಅಲ್ಲ, ಗಂಟು ನಿಮ್ಮ ತಲೆ ಮೇಲೆ. ನೀವು ಹಡಗಿನ ಮೇಲೆ. ನಿಮ್ಮ ಭಾರ ಹಡಗಿಗೆ ಇಲ್ಲವಾ?"

ಅಪ್ಪ ಬಿಳಿಚಿಕೊಂಡ. ಈ ಪ್ರಶ್ನೆ ನಮಗೆ ಯಾರಿಗೂ ಹೊಳೆದಿರಲಿಲ್ಲ. ಪಂಖಾದ ಹಿಡಿಕೆ ಹಿಡಿದು ನಿಂತಿದ್ದ ಇಮಾಮಸಾಬ ಕೆಮ್ಮಿ ಗಂಟಲು ಸರಿಮಾಡಿಕೊಂಡ.

"ಸಾಬ್, ಎತ್ತಿನ ಬೆನ್ನ ಮ್ಯಾಲ ಕಾಗಿ ಬಂದು ಕುಂದ್ರತೈತಿ. ಅದಕ್ಕ ಎತ್ತು ದುಡೀತು ಅಂತಾರೇನ್ರಿ?"

ಸಾಹೇಬರು ಬ್ಯಾಗನ್ನು ತಲೆಯ ಮೇಲಿಟ್ಟು, ಅದರ ಮೇಲೆ ಊಟದ ಡಬ್ಬಿ ಇಟ್ಟು, ಎರಡೂ ಕೈಯಲ್ಲಿ ಹಿಡಿದುಕೊಂಡು ಕಾಗೆಗಳ ಸಾಲಿನಲ್ಲಿ ಒಂದಾಗಿ ನಿಂತರು. ಅಪ್ಪ ಗೂಟದ ಹಗ್ಗ ಬಿಚ್ಚಿ, "ಬಸ್ಯಾ, ನಿನ್ನ ಮನಸ್ಸು ಬಂದಲ್ಲಿ ಹೋಗಪಾ" ಎಂದ. ಹೇಳುವಾಗ ಜೋಯಿಡಾದ ಕಡೆ ಕೈ ತೋರಿಸಿದ್ದನ್ನು ನಾನು ನೋಡಿದೆ.

ಆ ಪ್ರಯಾಣದಂಥ ಪ್ರಯಾಣ ಮತ್ತೆ ಆಗಲಿಲ್ಲ. ನಾನು ಮುಂದೆ ನಿಂತು "ಎಲ್ಲಾರೂ ಬಲಕ್ಕ ಬರ್ರಿ" ಎಂದರೆ ಅಷ್ಟೂ ಗಂಟುಗಳು ಬಲಕ್ಕೆ ಸರಿಯುತ್ತಿದ್ದವು, ಬಸ್ಯಾ ಗೆಜ್ಜೆ ಕುಲುಕುತ್ತ ಬಲಕ್ಕೆ ಹೊರಳುತ್ತಿದ್ದ. "ಸಾಕು, ನಡುವ ಬರ್ರಿ" ಎಂದರೆ ನಡುವೆ. ಮೊದಮೊದಲು ಒಬ್ಬರ ಕಾಲು ಒಬ್ಬರು ತುಳಿದು ಬೈದಾಡಿದರು. ದಾಂಡೇಲಿ ದಾಟುವ ಹೊತ್ತಿಗೆ ಹದ ಸಿಕ್ಕಿತು. ಕಾಳಿ ಹೊಳೆಯ ಮೇಲೆ ಗಾಳಿ ಎದುರಾದಾಗ ಸಾಹೇಬರೇ "ಎಡಕ್ಕೆ ಸ್ವಲ್ಪ ಜಾಸ್ತಿ ಆಯ್ತು ಕಾಣ್ತದೆ" ಎಂದು ನನಗೆ ಸಲಹೆ ಕೊಡುವಷ್ಟಾದರು. ಆದರೆ ಗಂಟಿನ ಭಾರಕ್ಕೆ ಒಬ್ಬೊಬ್ಬರ ಕುತ್ತಿಗೆ ಸೋಲುತ್ತ ಬಂತು. ಅಪ್ಪನ ಬೆನ್ನು ತಿರುಗಿದ್ದಾಗ ಯಾರೋ ಗಂಟನ್ನು ಹಡಗಿನ ಕಟಕಟೆಗೆ ಒರಗಿಸಿಕೊಳ್ಳುತ್ತಿದ್ದರು, ಅವ್ವನ ಕಣ್ಣು ಬಿದ್ದ ಕೂಡಲೆ ಮತ್ತೆ ತಲೆಗೇರಿಸುತ್ತಿದ್ದರು. ಅಪ್ಪ ಮಾತ್ರ ಅಲುಗಾಡಲಿಲ್ಲ. ಕಣ್ಣು ಮುಚ್ಚಿ, ತುಟಿಯಲ್ಲೇ ಏನೋ ಜಪಿಸುತ್ತ, ನಾನು ಹೇಳಿದ ಕಡೆಗೆ ಹೆಜ್ಜೆ ಹಾಕುತ್ತಿದ್ದ.

ಮಳೆಯ ಪರದೆ ಸರಿದು ಮುಗಿಲವಾಡಿ ಕಂಡಿತು. ಬಂಡೆಯ ಅಂಚಿನ ಕಟ್ಟೆಯ ಮೇಲೆ ಹೆಂಗಸರು ಗಂಡಸರು ಕಂಬಳಿ ಹೊದ್ದು, ನಮಗೆ ಎಸೆಯಲು ಹಗ್ಗ ಹಿಡಿದು ನಿಂತಿದ್ದರು. ಆ ಕಟ್ಟೆ ತಪ್ಪಿದರೆ ಪಡುವಣ ಗಾಳಿ ಹಿಡಿದು ಮೂಡಣಕ್ಕೆ ಎಸೆಯುತ್ತದೆ, ಆವತ್ತಿಗೆ ಮತ್ತೆ ಬರುವ ಮಾತಿಲ್ಲ. ಬಾಬುರಾವ್‌ನ ಹಡಗು ಅಲ್ಲಿರಲಿಲ್ಲ. ಮೊದಲೇ ಹೊರಟವನು ಎಲ್ಲಿ ಹೋದನೆಂದು ಯೋಚಿಸುವಷ್ಟರಲ್ಲಿ ನಮ್ಮ ಬಲಗಡೆ ಮೋಡದೊಳಗಿನಿಂದ ಬಂದ. ಹಿಂದುಮುಂದಾಗಿ ಬಂದ. ಮಳೆನೀರು ಕುಡಿದು ಇಂಜಿನ್ ನಿಂತುಹೋಗಿತ್ತು. ಹಡಗು ಬಾಲ ಮುಂದೆ ಮಾಡಿಕೊಂಡು ಗಾಳಿಯ ಜೊತೆ ಮೂಡಣಕ್ಕೆ ಹೋಗುತ್ತಿತ್ತು. ಬಾಬುರಾವ್ ನಟ್ಟು ಬಿಗಿಯುವ ಪಾನಾ ಹಿಡಿದು ಇಂಜಿನ್ನಿಗೆ ಬಡಿಯುತ್ತ, ಅದರ ಏಳು ತಲೆಮಾರಿಗೆ ಮರಾಠಿಯಲ್ಲಿ ಬೈಯುತ್ತಿದ್ದ.

ಇಂಥದ್ದನ್ನು ನೋಡದೆ ಬಿಡುವ ಜನವಲ್ಲ ನಮ್ಮದು. ಗಂಟುಗಳೆಲ್ಲ ದಪದಪನೆ ಹಲಗೆಯ ಮೇಲೆ ಬಿದ್ದವು. ಇಡೀ ಓಣಿ ಬಲಗಡೆಯ ಕಟಕಟೆಗೆ ಓಡಿತು. ಸಾಹೇಬರೂ ಓಡಿದರು. ಅವ್ವ, ಎಲ್ಲರನ್ನೂ ಕಾಯುತ್ತಿದ್ದ ನನ್ನ ಹೆತ್ತ ಅವ್ವ, ದಾರಿಗೆಂದು ಹೊತ್ತು ತಂದಿದ್ದ ಮಜ್ಜಿಗೆ ಗಡಿಗೆ ಕೆಳಗಿಟ್ಟು ಎಲ್ಲರಿಗಿಂತ ಮುಂದೆ ಓಡಿದಳು. ಬಸ್ಯಾ ಬಲಕ್ಕೆ ವಾಲಿದ. ಮೂತಿ ಕಟ್ಟೆಯನ್ನು ಬಿಟ್ಟು ಹೊರಳತೊಡಗಿತು.

"ಎಡಕ್ಕ ಬರ್ರಿ, ಎಡಕ್ಕ," ಎಂದು ಗಂಟಲು ಹರಿಯುವಂತೆ ಕೂಗಿದೆ. ಯಾರಿಗೂ ಕೇಳಲಿಲ್ಲ. ಕಟ್ಟೆಯ ಮೇಲಿನವರು ಎಸೆದ ಹಗ್ಗ ನಮ್ಮ ಕೋಡಿಗೆ ಎಟುಕದೆ ಕೆಳಗೆ ಬಿತ್ತು. ದೀಪಾವಳಿ, ಸಂತೆ, ಮುಂಡಗೋಡ ಎಲ್ಲ ಒಟ್ಟಿಗೆ ಕಣ್ಣಮುಂದೆ ಬಂದು ನಿಂತವು. ನಾನು ಹಿಂದಕ್ಕೆ ಓಡಿ ಚುಕ್ಕಾಣಿಗೆ ಕೈ ಚಾಚಿದೆ.

ನನ್ನ ಕೈ ಮುಟ್ಟುವ ಮುಂಚೆ ಇನ್ನೊಂದು ಕೈ ಹಿಡಿಯ ಮೇಲೆ ಬಿತ್ತು. ಅಪ್ಪ. ಒಂದು ಕೈಯಲ್ಲಿ ತಲೆಯ ಮೇಲಿನ ಗಂಟು ಹಾಗೇ ಹಿಡಿದುಕೊಂಡಿದ್ದ.

"ನೀ ಮುಟ್ಟಬ್ಯಾಡ. ನಿನಗ ಇನ್ನೂ ಭಾಳ ಸೋಮವಾರ ಅದಾವ," ಎಂದ. "ನಾ ಹಿಡೀತೇನಿ. ಹೇಳು, ಯಾ ಕಡಿ?"

ಅಳಲೂ ಪುರುಸೊತ್ತಿರಲಿಲ್ಲ. ಹಡಗು ಎಡಕ್ಕೆ ಹೊರಳಬೇಕಿತ್ತು. ಹಾಗೆಂದು ಎಡಕ್ಕೆ ಎಂದರೆ ಅಪ್ಪನ ಕೈ ಎತ್ತು ಹೊಡೆದ ರೂಢಿಯಂತೆ ಎಡಕ್ಕೇ ಜಗ್ಗುತ್ತದೆ, ನಾವೆಲ್ಲ ಬಾಬುರಾವ್‌ನ ಹಿಂದೆ ಹೋಗುತ್ತೇವೆ. ಅವನ ಕೈ ನನಗೆ ಗೊತ್ತಿತ್ತು.

"ಬಲಕ್ಕ ಹೊಡಿ ಅಪ್ಪಾ," ಎಂದೆ.

ಅಪ್ಪ ಬಲಕ್ಕೆ ಜಗ್ಗಿದ. ಬಸ್ಯಾ ಎಡಕ್ಕೆ ಹೊರಳಿದ. ಅಪ್ಪನ ಮುಖದಲ್ಲಿ ಎಂದಿನ ಗಾಬರಿ ಹುಟ್ಟಿತು, ಕೈ ತಿದ್ದಲು ಹೋಯಿತು.

"ಅದು ಹೋದಂಗ ಹೋಗ್ಲಿ. ನಾ ಹೇಳಿದಂಗ ಹೊಡಿ. ಇನ್ನೂ ಬಲಕ್ಕ."

ತನ್ನ ಕಣ್ಣಿಗೆ ಕಾಣುವುದನ್ನು ಬಿಟ್ಟು ಅಪ್ಪ ನನ್ನ ಮಾತನ್ನು ಹಿಡಿದ. ಕಣ್ಣು ಮುಚ್ಚಿಕೊಂಡೇಬಿಟ್ಟ. ಹೇಳಿದಷ್ಟು ಜಗ್ಗಿದ, ಸಾಕು ಎಂದಾಗ ಬಿಟ್ಟ. ಹಿಂದೆ ಇಮಾಮಸಾಬನೊಬ್ಬನೇ ತಮಾಷೆ ನೋಡಲು ಹೋಗದೆ ಪಂಖಾ ತಿರುಗಿಸುತ್ತಿದ್ದ. ಬಸ್ಯಾ ಒಮ್ಮೆ ನರಳಿದಂತೆ ಸದ್ದು ಮಾಡಿ, ಕಟ್ಟೆಯ ಪಕ್ಕದ ಹಲಸಿನ ಮರಕ್ಕೆ ಹೋಗಿ ಕೋಡು ತಿವಿದು ನಿಂತ. ಎಡಗೋಡು ಒಂದು ದೊಡ್ಡ ಹಲಸಿನ ಹಣ್ಣಿನೊಳಗೆ ಹೂತುಹೋಗಿತ್ತು. ಮೇಲಿನ ಹೆಂಗಸರು "ಯೋ, ಯೋ" ಎಂದು ಕೊಂಕಣಿಯಲ್ಲಿ ಕರೆಯುತ್ತ, ನಗುತ್ತ ಹಗ್ಗ ಬಿಗಿದರು.

ಓಣಿಯವರು ಒಬ್ಬೊಬ್ಬರೇ ತಲೆ ತಗ್ಗಿಸಿ ಗಂಟು ಎತ್ತಿಕೊಂಡರು. ಅಕ್ಕಿ ನೆನೆದಿರಲಿಲ್ಲ. ಸಾಹೇಬರು ಉರುಳಿಹೋಗಿದ್ದ ಊಟದ ಡಬ್ಬಿ ಹುಡುಕಿ ತಂದು, ಯಾರೂ ಹೇಳದೆಯೇ ಮತ್ತೆ ತಲೆಯ ಮೇಲಿಟ್ಟುಕೊಂಡರು. ಆಮೇಲೆ ಚುಕ್ಕಾಣಿಯ ಹಿಡಿಯ ಮೇಲಿದ್ದ ಅಪ್ಪನ ಕೈಯನ್ನು ನೋಡಿದರು. ಅವರು ಏನಾದರೂ ಅಂದಾರೆಂದು ನಾನು ಅಪ್ಪನ ಪಕ್ಕಕ್ಕೆ ಸರಿದು ನಿಂತೆ. ಸೋಮವಾರದ ವಿಷಯ ಅವರು ಎತ್ತಲಿಲ್ಲ.

"ಹಕ್ಕು ನಿಮ್ಮದೇ, ಅದರಲ್ಲಿ ಎರಡು ಮಾತಿಲ್ಲ. ಹಡಗು ನಡೆಸುವವರು ಯಾರು ಅಂತ ಬರೆದುಕೊಳ್ಳಲಿ? ನೀವೇ ಅಲ್ಲವಾ?" ಎಂದು ಅಪ್ಪನನ್ನು ಕೇಳಿದರು.

ಅಪ್ಪ ಗಂಟನ್ನು ಇನ್ನೂ ಇಳಿಸಿರಲಿಲ್ಲ.

"ನಡಸಾಕಿ ನನ್ನ ಮಗಳು ನೀಲವ್ವ ರೀ," ಎಂದ. "ಇವತ್ತ ನಾ ಬರೇ ಎತ್ತು."

ಆ ದಿನ ಅಪ್ಪ ಊಟ ಮಾಡಲಿಲ್ಲ. ಮುಗಿಲವಾಡಿಯವರು ಎಷ್ಟು ಒತ್ತಾಯಿಸಿದರೂ ಒಂದು ಹಲಸಿನ ತೊಳೆ ಸಹ ಮುಟ್ಟಲಿಲ್ಲ. ಸಂಜೆ ಬಸ್ಯಾನ ಮೂತಿ ಒರೆಸಿ, ಕೋಡಿಗಂಟಿದ ಹಲಸಿನ ಅಂಟನ್ನು ಎಣ್ಣೆ ಹಚ್ಚಿ ತೆಗೆಯುತ್ತ, "ತಪ್ಪಾತಪಾ, ಮನಸ್ಸಿನ್ಯಾಗ ಇಟ್ಕೋಬ್ಯಾಡ" ಎನ್ನುತ್ತಿದ್ದುದನ್ನು ಕೇಳಿದೆ. ಬಾಬುರಾವ್ ಅತ್ತಿವೇರಿ ಕೆರೆಯಲ್ಲಿ ಇಳಿದು, ಕೊಕ್ಕರೆಗಳ ನಡುವೆ ರಾತ್ರಿ ಕಳೆದನೆಂದು ಮರುದಿನ ಸುದ್ದಿ ಬಂತು. ಅವನನ್ನು ಎಳೆದು ತಂದದ್ದು ಬಸ್ಯಾನೇ, ಮಂಗಳವಾರ.

ಆ ಮಳೆಗಾಲ ಪೂರ್ತಿ ನಾನು ಹಾರಿದೆ. ದೀಪಾವಳಿಗೆ ಸ್ವಲ್ಪ ಮುಂಚೆ ಮುಂಡಗೋಡದ ಆ ಹುಡುಗನೂ ಏನೋ ಕೆಲಸಕ್ಕೆ ನಮ್ಮ ಹಡಗು ಹತ್ತಿದ. ಹತ್ತಿದವನು ಇಳಿಯುವವರೆಗೆ ಕಣ್ಣು ಬಿಡಲಿಲ್ಲ. ಇಳಿದಮೇಲೆ ಕೈಮುಗಿದು, "ನೀವು ಇಲ್ಲೇ ಇರೂದು ಛಲೋ ಐತ್ರಿ" ಎಂದ. ಒಳ್ಳೆಯ ಮನುಷ್ಯ. ಮುಂದೆ ನಾನು ಎಷ್ಟೋ ವರ್ಷ, ಎಷ್ಟೋ ಹಡಗು ನಡೆಸಿದೆ. ಇಂಜಿನ್ ಹಡಗನ್ನೂ ನಡೆಸಿದೆ. ಸೋಮವಾರ ಒಂದು ದಿನವೂ ಚುಕ್ಕಾಣಿ ಮುಟ್ಟಲಿಲ್ಲ, ಹಡಗಿಗೆ ಎಣ್ಣೆ ತಿಕ್ಕುವ ಕೆಲಸವನ್ನೂ ಮಾಡಲಿಲ್ಲ. ಅದರಿಂದ ನಷ್ಟವೂ ಆಯಿತು, ಬೈಗುಳವೂ ಸಿಕ್ಕಿತು. ಅಪ್ಪ ಹೋಗಿ ಎಷ್ಟೋ ಕಾಲವಾಯಿತು.

ಅಂಬೇವಾಡಿಯ ಬಾಗಿಲ ಬಳಿ ಕೂತು ಇಷ್ಟನ್ನೂ ಹೇಳಿ ಮುಗಿಸುವ ಹೊತ್ತಿಗೆ ಚಹಾ ಆರಿತ್ತು. ತಂಗಿಯ ಮಗಳ ಗಂಡ ಡಬ್ಬಿಯ ಮುಚ್ಚಳ ಹಾಕುತ್ತ, "ಇನ್ನೊಂದ ಸಲ ಬಳೀಬೇಕ್ರಿ ದೊಡ್ಡವ್ವಾ. ಸೋಮವಾರ ರಜಾ ಐತಿ, ಅವತ್ತ ನೀವೂ ಒಂದ ಕೈ ಹಚ್ರಿ," ಎಂದ.

"ನಾ ಸೋಮವಾರ ಈ ಎಣ್ಣಿ ಮುಟ್ಟೂದಿಲ್ಲಪಾ."

"ಬಾಗಲಕ್ಕೂ ಸೋಮವಾರ ಐತೇನ್ರಿ?" ಎಂದು ಅವನು ನಕ್ಕ.

"ಬಾಗಲದ್ದು ನನಗ ಗೊತ್ತಿಲ್ಲ," ಎಂದೆ. "ನನಗ ಭಾಳ ಸೋಮವಾರ ಅದಾವಂತ ನಮ್ಮಪ್ಪ ಹೇಳ್ಯಾನ. ಇನ್ನೂ ಮುಗದಿಲ್ಲ."